ಕೈ ಹಿಡಿಯಲು ಇಬ್ಬರು: ಕಾಸರಗೋಡಿನಲ್ಲಿ ಮೂರು ದಿನ

ಮೊದಲ ದಿನ

ಮಂಗಳೂರಿನಿಂದ ಬೆಳಗಿನ ರೈಲು ಹಿಡಿದೆ. ದಕ್ಷಿಣಕ್ಕೆ ಹೋಗುವವರು ಬಲಗಡೆ ಕಿಟಕಿ ಹಿಡಿಯಬೇಕು. ನೇತ್ರಾವತಿ ದಾಟಿದ ಮೇಲೆ ತೆಂಗಿನ ಮರಗಳ ಸಂದಿಯಲ್ಲಿ ಆಗಾಗ ಸಮುದ್ರ ಹೊಳೆಯುತ್ತದೆ. ಮಂಜೇಶ್ವರ ಬಂದಾಗ ಗೋವಿಂದ ಪೈಗಳ ನೆನಪಾಯಿತು. ಎಲ್ಲರೂ ಕಣ್ಣುಮುಚ್ಚಿ ಪಾಲಿಸುತ್ತಿದ್ದ ಪ್ರಾಸವನ್ನು 1911ರಲ್ಲಿ ಬಿಟ್ಟು ಕವಿತೆ ಬರೆದವರು. ಅವರ ಮನೆಯಲ್ಲಿರುವ ಸ್ಮಾರಕ 'ಗಿಳಿವಿಂಡು' ನೋಡಬೇಕೆಂಬ ಆಸೆಯಿತ್ತು. ಈ ಸಲ ಇಳಿಯಲಿಲ್ಲ. ತಲೆಯಲ್ಲಿ ಬೇರೆಯೇ ಕೆಲಸ ಇತ್ತು.

ನಾನು ಸಾಗರದ ಕಡೆಯವಳು. ಮಕ್ಕಳಿಗೆ ಚಿತ್ರಕಲೆ ಕಲಿಸುತ್ತೇನೆ. ಎರಡು ವರ್ಷದಿಂದ ಒಬ್ಬ ಕಲಾವಿದೆಯ ಬಗ್ಗೆ ಓದುತ್ತಿದ್ದೇನೆ. ಹೆಸರು ಏಡ್ರಿಯನ್ ಪೈಪರ್. 1948ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದವರು, ಈಗ ಬರ್ಲಿನ್‌ನಲ್ಲಿದ್ದಾರೆ. ಚಿತ್ರ, ಫೋಟೊ, ವಿಡಿಯೊ, ಬರಹ, ತಮ್ಮದೇ ಮೈ, ಎಲ್ಲವನ್ನೂ ಬಳಸಿ ಕೆಲಸ ಮಾಡುತ್ತಾರೆ. ಜೊತೆಗೆ ತತ್ವಶಾಸ್ತ್ರ ಕಲಿಸಿದವರು. 1981ರಲ್ಲಿ ಹಾರ್ವರ್ಡ್‌ನಲ್ಲಿ ತತ್ವಜ್ಞಾನಿ ಜಾನ್ ರಾಲ್ಸ್ ಕೈಕೆಳಗೆ ಡಾಕ್ಟರೇಟ್ ಮಾಡಿದರು. ಅವರ ಒಂದು ಕೆಲಸ ನನ್ನನ್ನು ಬಿಡುತ್ತಲೇ ಇರಲಿಲ್ಲ. ಅದರಲ್ಲಿ ಒಂದು ಕನ್ನಡಿ ಇದೆ. ನಮ್ಮ ಭೂತಕೋಲದ ಹಾಗೆ ವೇಷ ಕಟ್ಟಿ ದೈವವನ್ನು ಕರೆಯುವ ಕಾಸರಗೋಡಿನ ತೆಯ್ಯಂನಲ್ಲೂ ಒಂದು ಕನ್ನಡಿ ಇದೆ ಎಂದು ಗೆಳತಿ ಹೇಳಿದ್ದಳು. ಎರಡನ್ನೂ ಒಟ್ಟಿಗೆ ಇಟ್ಟು ನೋಡಬೇಕು ಅನ್ನಿಸಿತು. ಅದಕ್ಕೇ ಹೊರಟಿದ್ದು.

ಕಾಸರಗೋಡಿನಲ್ಲಿ ಇಳಿದಾಗ ಸೆಕೆ. ಫೆಬ್ರವರಿ ಮೊದಲ ವಾರಕ್ಕೇ ಇಷ್ಟು ಸೆಕೆ ಇರುತ್ತದೆ ಎಂದು ಗೊತ್ತಿರಲಿಲ್ಲ. ಬದಿಯಡ್ಕದ ಬಸ್ಸು ಹತ್ತಿದೆ. ಈ ಕಡೆ ಬಸ್ಸುಗಳ ಬೋರ್ಡಿನಲ್ಲಿ ಮಲಯಾಳದ ಜೊತೆ ಕನ್ನಡವೂ ಕಾಣಿಸುತ್ತದೆ. ಕಾಣದಿದ್ದರೆ ಪಕ್ಕದವರನ್ನು ಕನ್ನಡದಲ್ಲೇ ಕೇಳಿ, ಉತ್ತರ ಸಿಕ್ಕೇ ಸಿಗುತ್ತದೆ. ನನ್ನ ಪಕ್ಕದ ಅಜ್ಜಿ ಕಂಡಕ್ಟರ್ ಹತ್ತಿರ ಮಲಯಾಳ, ಹಿಂದಿನ ಸೀಟಿನ ಹೆಂಗಸಿನ ಹತ್ತಿರ ತುಳು, ನನ್ನ ಹತ್ತಿರ ಕನ್ನಡ ಮಾತಾಡಿದರು. ಅವರಿಗೆ ಅದೊಂದು ವಿಶೇಷವೇ ಅಲ್ಲ.

ಚೆರ್ಕಳ ದಾಟಿ ಎಡನೀರಿನಲ್ಲಿ ಇಳಿದು ಮಠಕ್ಕೆ ಹೋದೆ. ಮಧುವಾಹಿನಿ ಹೊಳೆ ಪಕ್ಕದಲ್ಲೇ ತಣ್ಣಗೆ ಹರಿಯುತ್ತದೆ. ಇದು ಶಂಕರರ ಶಿಷ್ಯ ತೋಟಕಾಚಾರ್ಯರ ಪರಂಪರೆಯ ಮಠ. ಕಾನೂನು ಓದಿದವರಿಗೆಲ್ಲ ಈ ಊರು ಗೊತ್ತು. ಇಲ್ಲಿನ ಕೇಶವಾನಂದ ಭಾರತಿ ಸ್ವಾಮೀಜಿ ಹೂಡಿದ ಮೊಕದ್ದಮೆಯಲ್ಲಿ 1973ರ ಏಪ್ರಿಲ್ 24ರಂದು 13 ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ಸಂವಿಧಾನದ ಮೂಲ ಸ್ವರೂಪವನ್ನು ಪಾರ್ಲಿಮೆಂಟ್ ಕೂಡ ಬದಲಿಸುವಂತಿಲ್ಲ ಎಂದಿತು. 7 ಜನ ಹೌದೆಂದರು, 6 ಜನ ಅಲ್ಲವೆಂದರು. ಆ ಸ್ವಾಮೀಜಿ ಯಕ್ಷಗಾನದ ಭಾಗವತಿಕೆಯನ್ನೂ ಮಾಡುತ್ತಿದ್ದರು. ಹೊಳೆಗೆ ಇಳಿದು ಕಾಲು ತೊಳೆದುಕೊಂಡು ಸ್ವಲ್ಪ ಹೊತ್ತು ಸುಮ್ನೆ ಕೂತೆ.

ಉಳಿದುಕೊಂಡಿದ್ದು ಬದಿಯಡ್ಕದ ಹತ್ತಿರ, ಗೆಳತಿಯ ಚಿಕ್ಕಮ್ಮನ ಮನೆಯಲ್ಲಿ. ಅಂಗಳದ ತುಂಬ ಅಡಿಕೆ ಒಣಗುತ್ತಿತ್ತು. ಮೆಟ್ಟಿಲು ಹತ್ತುವ ಮೊದಲೇ "ಆಸರಿಂಗೆ ಎಂತ ಅಕ್ಕು?" ಎಂದು ಕೇಳಿದರು, ಕುಡಿಯಲು ಏನು ಬೇಕು ಎಂದು. ನಮ್ಮಲ್ಲಿ "ಆಸ್ರಿಗೆ" ಅನ್ನುತ್ತೇವೆ. ಒಂದೇ ಅಕ್ಷರ ಆಚೀಚೆ. ಮನೆಗೇ ಬಂದ ಹಾಗಾಯಿತು. ಕುಚ್ಚಲಕ್ಕಿ ಅನ್ನ, ಬಸಳೆ ಕೊದ್ದೆಲು, ಮಾವಿನಮಿಡಿ ಉಪ್ಪಿನಕಾಯಿ, ಕೊನೆಗೆ ನೀರುಮಜ್ಜಿಗೆ. ಎರಡು ಸಲ ಬಡಿಸಿಕೊಂಡೆ.

ಚಿಕ್ಕಪ್ಪ ಕನ್ನಡ ಶಾಲೆಯಲ್ಲಿ ಮೇಷ್ಟ್ರಾಗಿ ನಿವೃತ್ತರಾದವರು. ರಾತ್ರಿ ಜಗಲಿಯಲ್ಲಿ ಕೂತಾಗ ಅವರಿಗೆ ಪೈಪರ್ ಕಥೆ ಹೇಳಿದೆ.

1971ರ ಬೇಸಗೆ. ಪೈಪರ್‌ಗೆ ಆಗ 22 ವರ್ಷ. ನ್ಯೂಯಾರ್ಕಿನ ತಮ್ಮ ಮನೆಯಲ್ಲಿ ಒಬ್ಬರೇ ಇದ್ದುಕೊಂಡು ಜರ್ಮನ್ ತತ್ವಜ್ಞಾನಿ ಕಾಂಟ್‌ನ 'ಕ್ರಿಟಿಕ್ ಆಫ್ ಪ್ಯೂರ್ ರೀಸನ್' ಓದುತ್ತಿದ್ದರು. ಊಟ ಬಿಟ್ಟಿದ್ದರು, ಬರೀ ನೀರು, ಹಣ್ಣಿನ ರಸ. ಯೋಗ ಮಾಡುತ್ತಿದ್ದರು. ಯಾರನ್ನೂ ಭೇಟಿಯಾಗುತ್ತಿರಲಿಲ್ಲ. ಓದು ಎಷ್ಟು ಆಳಕ್ಕೆ ಇಳಿಯಿತೆಂದರೆ ತಾನು ಕರಗಿಹೋಗುತ್ತಿದ್ದೇನೆ ಎಂಬ ಭಯ ಹುಟ್ಟಿತು. ಆ ಭಯ ಬಂದಾಗಲೆಲ್ಲ ಎದ್ದು ಕನ್ನಡಿ ಮುಂದೆ ನಿಲ್ಲುತ್ತಿದ್ದರು. ಕಾಂಟ್‌ನ ಆ ಸಾಲುಗಳನ್ನೇ ಗಟ್ಟಿಯಾಗಿ ಹೇಳುತ್ತ ಕನ್ನಡಿಯೊಳಗಿನ ತಮ್ಮ ಫೋಟೊ ತೆಗೆಯುತ್ತಿದ್ದರು. ನಾನಿನ್ನೂ ಇದ್ದೇನೆ ಎಂದು ಖಾತ್ರಿ ಮಾಡಿಕೊಳ್ಳಲು. ಹಾಗೆ ಉಳಿದದ್ದು 14 ಫೋಟೊ. ಬೆಳಕು ಸಾಲದ ಫೋಟೊಗಳು. ಕೆಲವದರಲ್ಲಿ ಮುಖ ಕತ್ತಲಲ್ಲಿ ಮುಳುಗಿಯೇ ಹೋಗಿದೆ. ಕೃತಿಯ ಹೆಸರು 'ಫುಡ್ ಫಾರ್ ದಿ ಸ್ಪಿರಿಟ್'.

"ಕಾಂಟ್ ಹೇಳಿದ್ದು ಎಂತದು?" ಎಂದು ಚಿಕ್ಕಪ್ಪ ಕೇಳಿದರು. ನನಗೆ ತಿಳಿದಷ್ಟು ಹೇಳಿದೆ. ನಾವು ಏನೇ ಕಂಡರೂ ಅದರ ಜೊತೆ 'ನಾನು ಕಾಣುತ್ತಿದ್ದೇನೆ' ಎಂಬುದು ಅಂಟಿಕೊಳ್ಳಲು ಸಾಧ್ಯವಿರಬೇಕು. ಆ ದಾರ ಇಲ್ಲದಿದ್ದರೆ ಕಂಡದ್ದೆಲ್ಲ ಚೂರು ಚೂರು. ಆದರೆ ಆ 'ನಾನು' ಯಾವುದು ಎಂದು ಹಿಡಿಯಲು ಹೋದರೆ ಕೈಗೆ ಸಿಗುವುದಿಲ್ಲ.

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಕಣ್ಣುಮುಚ್ಚಿ ಮನೀಷಾ ಪಂಚಕ ಹೇಳಿದರು. ಕಾಶಿಯಲ್ಲಿ ಚಂಡಾಲನೊಬ್ಬ ಎದುರಾದಾಗ ಶಂಕರರು ದಾರಿ ಬಿಡು ಅಂದರಂತೆ. ಯಾರನ್ನು ಸರಿ ಅನ್ನುತ್ತೀರಿ, ಅನ್ನದಿಂದಾದ ಈ ಮೈಯನ್ನಾ, ಒಳಗಿರುವ ಅರಿವನ್ನಾ ಎಂದು ಅವನು ಕೇಳಿದ. ಗಂಗೆಯಲ್ಲಿ ಕಾಣುವ ಸೂರ್ಯನಿಗೂ ಕೇರಿಯ ನೀರಿನಲ್ಲಿ ಕಾಣುವ ಸೂರ್ಯನಿಗೂ ಏನು ವ್ಯತ್ಯಾಸ ಎಂದ. ಶಂಕರರು ಸೋತರು. ಇಂಥ ತಿಳಿವು ಇರುವವನು ಯಾರೇ ಆಗಿರಲಿ ನನಗೆ ಗುರು ಅಂದರು.

"ನೀವು ನಾಳೆ ಕಾಣುವುದು ಅದೇ ಕಥೆ. ಆದ್ರೆ ಅಲ್ಲಿ ಆ ಕಥೆ ಹೇಳುವವರು ಬೇರೆ," ಅಂದರು ಚಿಕ್ಕಪ್ಪ.

ಎರಡನೆಯ ದಿನ

ಗೆಳತಿಯ ತಮ್ಮ ಬೈಕ್ ತಂದ. ಮಲಯಾಳ ಚೆನ್ನಾಗಿ ಬರುತ್ತದೆ ಅವನಿಗೆ, ಅಡಿಕೆ ವ್ಯಾಪಾರಕ್ಕೆ ಜಿಲ್ಲೆಯೆಲ್ಲ ತಿರುಗಿದವನು. ತೆಯ್ಯಂ ನೋಡಲು ಹೋಗುವವರಿಗೆ ಇಂಥ ಒಬ್ಬರು ಜೊತೆಗಿದ್ದರೆ ಒಳ್ಳೆಯದು. ತುಲಾ ತಿಂಗಳ 10ಕ್ಕೆ, ಅಂದರೆ ಅಕ್ಟೋಬರ್ ಕೊನೆಗೆ ಶುರುವಾಗಿ ಮೇ ತನಕ ನಡೆಯುತ್ತದೆ. ಆದರೆ ಯಾವ ಕಾವಿನಲ್ಲಿ, ಅಂದರೆ ದೈವದ ಬನದಲ್ಲಿ, ಯಾವತ್ತು ಎಂಬುದು ಊರವರ ಬಾಯಿಂದಲೇ ಸರಿಯಾಗಿ ಗೊತ್ತಾಗಬೇಕು.

ಚಂದ್ರಗಿರಿ ಸೇತುವೆಯ ಮೇಲೆ ಬೈಕ್ ನಿಲ್ಲಿಸಿದ. "ಅಕ್ಕ, ಹಿಂದಿನವರ ಲೆಕ್ಕದಲ್ಲಿ ಇಲ್ಲಿಗೆ ತುಳುನಾಡು ಮುಗೀತು," ಅಂದ. ಹೊಳೆ ಅಗಲವಾಗಿ, ಹಸಿರಾಗಿ ಸಮುದ್ರದ ಕಡೆ ಹೋಗುತ್ತಿತ್ತು. ಈಚೆ ಭೂತಕೋಲ, ಆಚೆ ತೆಯ್ಯಂ. ವೇಷ ಕಟ್ಟುವ ಜಾತಿಗಳ ಹೆಸರೂ ಬದಲಾಗುತ್ತದೆ. ಈಚೆ ಪರವ, ಪಂಬದ, ನಲಿಕೆಯವರು. ಆಚೆ ಮಲಯ, ವಣ್ಣಾನ್.

ಬೇಕಲ ಕೋಟೆಯಲ್ಲಿ ಒಂದು ಗಂಟೆ. ನಮ್ಮ ಕೆಳದಿಯ ಶಿವಪ್ಪ ನಾಯಕ ಕಟ್ಟಿಸಿದ್ದು ಎನ್ನುತ್ತಾರೆ, ಹಾಗಾಗಿ ನೋಡದೆ ಹೋಗಲು ಮನಸ್ಸಾಗಲಿಲ್ಲ. ಕೋಟೆಯೊಳಗೆ ನೆರಳು ಕಮ್ಮಿ. ಹನ್ನೊಂದು ಗಂಟೆ ಮೇಲೆ ಹೋಗಬೇಡಿ.

ಕಾಞಂಗಾಡಿನಲ್ಲಿ ಪುಟ್ಟು, ಕಡಲೆ ತಿಂದು ಆನಂದಾಶ್ರಮಕ್ಕೆ ಹೋದೆವು. ಇದೇ ಊರಿನಲ್ಲಿ ಹುಟ್ಟಿದ ಸ್ವಾಮಿ ರಾಮದಾಸರು 1931ರಲ್ಲಿ ಕಟ್ಟಿದ್ದು. ಒಳಗೆ ರಾಮನಾಮದ ಜಪ ನಡೆಯುತ್ತಿತ್ತು. ಹೊರಗೆ ಮಾವಿನ ಮರದ ಕೆಳಗೆ ಕೂತು ನೋಟ್‌ಬುಕ್ ತೆರೆದೆ. ಬರೆಯಲು ಆಗಲಿಲ್ಲ. ರಾಮದಾಸರು ತಮ್ಮ ಬರಹದಲ್ಲಿ ತಮ್ಮನ್ನು 'ನಾನು' ಎಂದು ಕರೆದುಕೊಳ್ಳುವುದಿಲ್ಲ. ರಾಮದಾಸ ಹೋದ, ರಾಮದಾಸ ಉಂಡ ಎಂದೇ ಬರೆಯುತ್ತಾರೆ. ಹಿಂದೆ ಓದುವಾಗ ಅದನ್ನು ಒಂದು ಶೈಲಿ ಅಂದುಕೊಂಡಿದ್ದೆ. ಆ ಮರದ ಕೆಳಗೆ ಕೂತಾಗ ಅದು ದಿನಾ ಮಾಡಬೇಕಾದ ಕಷ್ಟದ ಕೆಲಸ ಅನ್ನಿಸಿತು. ಪ್ರಯತ್ನಿಸಿ ನೋಡಿ. ಒಂದು ಗಂಟೆ 'ನಾನು' ಅನ್ನದೆ ಮಾತಾಡುವುದು ಸುಲಭವಲ್ಲ.

ಸಂಜೆ ಕಾವಿಗೆ ಹೋದೆವು. ಒಂದು ತರವಾಡು ಮನೆಯ, ಅಂದರೆ ಹಳೆಯ ಕುಟುಂಬದ ಮೂಲಮನೆಯ ಕಾವು. ಊರಿನ ಹೆಸರು ಬರೆಯುವುದಿಲ್ಲ. ಮನೆಯ ಹಿರಿಯರು ನಮ್ಮನ್ನು ನಂಬಿ ಒಳಗೆ ಬಿಟ್ಟರು. ಒಂದೇ ಮಾತು ಹೇಳಿದರು. ಮುಡಿ, ಅಂದರೆ ದೈವದ ಕಿರೀಟ, ಏರಿಸಿ ಕನ್ನಡಿ ನೋಡುವ ಹೊತ್ತಿಗೆ ಮೊಬೈಲ್ ಎತ್ತಬಾರದು. ಆಗಲಿ ಅಂದೆ. ಪೈಪರ್ 2015ರಲ್ಲಿ ವೆನಿಸ್ ಬಿಯೆನಾಲೆ ಕಲಾಪ್ರದರ್ಶನದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಪಡೆದ ಕೃತಿ ನೆನಪಾಯಿತು. ಅಲ್ಲಿ ನೋಡುಗರು ಒಂದು ಮೇಜಿನ ಮುಂದೆ ನಿಂತು ಕರಾರಿಗೆ ಸಹಿ ಹಾಕುತ್ತಾರೆ. ಒಂದು ಕರಾರು, ಹೇಳಿದ್ದನ್ನು ಯಾವಾಗಲೂ ಮಾಡುತ್ತೇನೆ ಎಂದು. ಫೋನನ್ನು ಆಫ್ ಮಾಡಿ ಬ್ಯಾಗಿನ ತಳಕ್ಕೆ ಹಾಕಿದೆ.

ಒಂಬತ್ತು ಗಂಟೆಗೆ ಊಟ. ಬಂದವರಿಗೆಲ್ಲ ಎಲೆ ಹಾಕಿ ಬಡಿಸಿದರು. ಆಮೇಲೆ ರಾಶಿ ಹಾಕಿದ್ದ ಸೌದೆಗೆ ಬೆಂಕಿ ಕೊಟ್ಟರು. ಅದು ಉರಿದು ಕೆಂಡವಾಗಲು ಇಡೀ ರಾತ್ರಿ ಬೇಕು. ಗಾಳಿ ಯಾವ ಕಡೆಯಿಂದ ಬೀಸುತ್ತದೆ ನೋಡಿಕೊಂಡು ಕೂರಬೇಕು, ಇಲ್ಲದಿದ್ದರೆ ಹೊಗೆಗೆ ಕಣ್ಣು ತೆರೆಯಲಾಗುವುದಿಲ್ಲ. ಹಗಲು ಅಷ್ಟು ಸೆಕೆ ಇದ್ದ ಊರಿನಲ್ಲಿ ಒಂದು ಗಂಟೆಯ ಮೇಲೆ ಇಬ್ಬನಿ ಬಿದ್ದು ಮೈ ನಡುಗಿತು. ಶಾಲು ತಂದದ್ದು ಸಾರ್ಥಕವಾಯಿತು. ಪಕ್ಕದಲ್ಲಿ ಕೂತ ಹೆಂಗಸೊಬ್ಬರು ಫ್ಲಾಸ್ಕಿನಿಂದ ಕಟ್ಟನ್ ಚಾಯ, ಹಾಲಿಲ್ಲದ ಚಹಾ, ಸುರಿದುಕೊಟ್ಟರು. ಅವರಿಗೆ ಕನ್ನಡ ಬಾರದು, ನನಗೆ ಮಲಯಾಳ ಬಾರದು. ಅವರ ಮಗಳು ಮಲಗಲು ನನ್ನ ತೊಡೆಯನ್ನೂ ಸೇರಿಸಿಕೊಂಡಳು.

ಮೂರನೆಯ ದಿನ

ಬೆಳಗಿನ ಜಾವ ಚೆಂಡೆಯ ಸದ್ದು ಎಬ್ಬಿಸಿತು. ಪೊಟ್ಟನ್ ತೆಯ್ಯ ಬಂದಿತ್ತು. ಮುಖಕ್ಕೆ ಅಡಿಕೆ ಹಾಳೆಯ ಮುಖವಾಡ. ಸೊಂಟದ ಸುತ್ತ ಎಳೆ ತೆಂಗಿನ ಗರಿಯ ದಪ್ಪ ಉಡುಗೆ. ಪೊಟ್ಟನ್ ಅಂದರೆ ಪೆದ್ದ, ಕಿವುಡ. ತುಳುವಿನಲ್ಲೂ ಪೊಟ್ಟೆ ಅಂದರೆ ಮೂಗ, ಅಲ್ವಾ? ಆ ಹೆಸರಿನವನೇ ಇಲ್ಲಿ ಎಲ್ಲರಿಗಿಂತ ಜಾಸ್ತಿ ಮಾತಾಡುತ್ತಾನೆ.

ಗೆಳತಿಯ ತಮ್ಮ ಕಿವಿಯಲ್ಲಿ ಅರ್ಥ ಹೇಳುತ್ತಿದ್ದ. ದಾರಿ ಬಿಡು ಅಂದ ಶಂಕರರಿಗೆ ಪೊಟ್ಟ ಕೇಳುತ್ತಾನೆ. ನಿಮ್ಮನ್ನು ಕಡಿದರೂ ನೆತ್ತರೇ, ನಮ್ಮನ್ನು ಕಡಿದರೂ ನೆತ್ತರೇ, ಮತ್ತೆ ಜಗಳ ಯಾಕೆ? ನಮ್ಮ ಕುಪ್ಪೆಯಲ್ಲಿ ನೆಟ್ಟ ಬಾಳೆಯ ಹಣ್ಣೇ ನಿಮ್ಮ ದೇವರ ನೈವೇದ್ಯಕ್ಕೆ ಬರುವುದಲ್ಲವೇ? ಚಿಕ್ಕಪ್ಪ ಹೇಳಿದ ಸಂಸ್ಕೃತದ ಕಥೆಯಲ್ಲಿ ಸೂರ್ಯ, ಗಂಗೆ ಇದ್ದವು. ಇಲ್ಲಿ ನೆತ್ತರು, ಗೊಬ್ಬರದ ಗುಂಡಿ. ಪ್ರಶ್ನೆ ಒಂದೇ. ಆದರೆ ಅಲ್ಲಿ ಕೊನೆಗೆ ಆ ಚಂಡಾಲ ವೇಷ ಬದಲಿಸಿ ಬಂದ ಶಿವ ಎನ್ನುತ್ತಾರೆ, ಕೇಳುವವರಿಗೆ ಸಮಾಧಾನವಾಗುತ್ತದೆ. ಇಲ್ಲೂ ಅವನು ಶಿವನೇ. ಆದರೆ ಅವನನ್ನು ಕಟ್ಟಿ ನಿಂತವರು ದಾರಿ ಬಿಡು ಎಂಬ ಮಾತನ್ನು ತಲೆತಲಾಂತರ ಕೇಳಿಸಿಕೊಂಡ ಮನೆಗಳವರು. ನಾನು ಹುಟ್ಟಿದ್ದು ಆ ಮಾತು ಹೇಳಿದ ಮನೆಗಳಲ್ಲಿ. ಅಲ್ಲಿ ಕೂತು ಕೇಳುವಾಗ ಅದನ್ನು ಮರೆಯಲು ಆಗಲಿಲ್ಲ, ಮರೆಯಬಾರದು ಕೂಡ.

ಪೈಪರ್ ಕಪ್ಪು ಜನರ ಮನೆಯಲ್ಲಿ ಹುಟ್ಟಿದವರು. ಮೈಬಣ್ಣ ತಿಳಿ. ನೋಡಿದವರು ಬಿಳಿಯರೆಂದು ತಿಳಿದು ಅವರೆದುರೇ ಕಪ್ಪು ಜನರ ಬಗ್ಗೆ ಹಗುರವಾಗಿ ಮಾತಾಡುತ್ತಿದ್ದರು. 1986ರಲ್ಲಿ ಅವರು ವಿಸಿಟಿಂಗ್ ಕಾರ್ಡಿನಂಥ ಒಂದು ಚೀಟಿ ಅಚ್ಚು ಮಾಡಿಸಿದರು. ಅಂಥ ಮಾತು ಬಂದಾಗ ಜಗಳವಾಡದೆ ಅದನ್ನು ಅವರ ಕೈಗೆ ಕೊಡುತ್ತಿದ್ದರು. ನಾನು ಕಪ್ಪು, ನೀವು ಆ ಮಾತಾಡುವಾಗ ಇದು ನಿಮಗೆ ತಿಳಿದಿರಲಿಲ್ಲ ಎಂದುಕೊಳ್ಳುತ್ತೇನೆ ಎಂಬ ಅರ್ಥದ ಚೀಟಿ. ಔತಣದ ನಡುವೆ ಆ ಚೀಟಿ ಕೈಗೆ ಬಂದವನ ಮುಖ ನೆನೆಸಿಕೊಂಡೆ. ಅದೂ ದಾರಿಯಲ್ಲಿ ಅಡ್ಡ ನಿಂತು ಕೇಳಿದ ಪ್ರಶ್ನೆಯೇ. ತತ್ವ ಓದಿದವರು ಅದನ್ನು ತಮ್ಮ ಮೈಮೇಲೆ ಹೇರಿಕೊಂಡು ಊಟದ ಮನೆಗೂ ಬೀದಿಗೂ ಬಂದರೆ ಹೀಗಾಗುತ್ತದೆ. ಅದಕ್ಕೇ ನನಗೆ ಅವರು ಇಷ್ಟ.

ಆಮೇಲೆ ಪೊಟ್ಟನ್ ಕೆಂಡದ ರಾಶಿಯ ಮೇಲೆ ಮಲಗಿತು. ಮಲಗಿಕೊಂಡು ಚಳಿ, ಚಳಿ ಅಂದಿತು. ನಾನು ಹತ್ತು ಮಾರು ದೂರದಲ್ಲಿದ್ದರೂ ಮುಖ ಕಾಯುತ್ತಿತ್ತು. ಇಬ್ಬರು ಎರಡೂ ಕಡೆ ನಿಂತು ಕೈ ಹಿಡಿದಿದ್ದರು. ಎಳೆದು ಎಬ್ಬಿಸುತ್ತಿದ್ದರು. ಮತ್ತೆ ಹೋಗಿ ಮಲಗುತ್ತಿತ್ತು. ಎಷ್ಟು ಸಲ ಎಂದು ಲೆಕ್ಕ ಇಡಲಿಲ್ಲ. ಪಕ್ಕದ ಹೆಂಗಸು ಕೈಮುಗಿದು ಅಳುತ್ತಿದ್ದರು.

ಬೆಳಕಾದ ಮೇಲೆ ವಿಷ್ಣುಮೂರ್ತಿ. ಈ ದೈವದ ಕಥೆಗೂ ನಮ್ಮ ಕಡೆಗೂ ನಂಟಿದೆ. ನೀಲೇಶ್ವರದಿಂದ ಓಡಿಹೋದ ಕಣ್ಣನ್ ಎಂಬ ಹುಡುಗ ಮಂಗಳೂರಿನಲ್ಲಿದ್ದು, ಅಲ್ಲಿಂದ ಈ ದೈವವನ್ನು ನಂಬಿಕೊಂಡು ಊರಿಗೆ ಮರಳಿ ಬಂದು ಕೊಲೆಯಾದನಂತೆ. ಮುಖಕ್ಕೆ ಬಣ್ಣ ಬರೆದು ಮುಗಿದಿತ್ತು. ಮುಡಿ ಏರಿಸಿದರು. ವೇಷ ಕಟ್ಟಿದವರ ಕೈಗೆ ಒಂದು ಪುಟ್ಟ ಕನ್ನಡಿ ಕೊಟ್ಟರು.

ಅವರು ನೋಡಿದರು. ಬಹಳ ಹೊತ್ತಲ್ಲ. ಚೆಂಡೆ ಏರುತ್ತಿತ್ತು. ನೋಡುತ್ತಿದ್ದ ಹಾಗೆ ಭುಜ ಅದುರಿತು, ಉಸಿರು ಬದಲಾಯಿತು. ಕನ್ನಡಿ ಕೆಳಗಿಳಿಯಿತು. ಸುತ್ತ ನಿಂತವರು ಅಲ್ಲಿಯವರೆಗೆ ಅವರನ್ನು ಹೆಸರು ಹಿಡಿದು ಕರೆಯುತ್ತಿದ್ದರು. ಆಮೇಲೆ ಯಾರೂ ಕರೆಯಲಿಲ್ಲ, ಕೈಮುಗಿದರು.

ಒಬ್ಬರು 'ನಾನು' ಜಾರಿ ಹೋಗದಿರಲಿ ಎಂದು ಕನ್ನಡಿ ನೋಡಿದರು. ಇನ್ನೊಬ್ಬರು 'ನಾನು' ಜಾಗ ಬಿಡಲಿ ಎಂದು ನೋಡಿದರು. ಇಷ್ಟನ್ನು ಬರೆದುಕೊಂಡು ವಾಪಸ್ ಹೋಗಬಹುದಿತ್ತು. ಇಷ್ಟೇ ಹುಡುಕಿಕೊಂಡು ಬಂದದ್ದೂ ಹೌದು. ಆದರೆ ಪೊಟ್ಟನ್ ಕಟ್ಟಿದ್ದವರ ಹತ್ತಿರ ಮಾತಾಡಲು ಸಿಕ್ಕಿತು. ಹಾಗಾಗಿ ಕಥೆ ಅಲ್ಲಿಗೆ ನಿಲ್ಲಲಿಲ್ಲ.

ಅವರು ಬಣ್ಣ ತೊಳೆದು ಬಾವಿಕಟ್ಟೆಯ ಹತ್ತಿರ ಕೂತಿದ್ದರು. ಮೊಣಕೈ ಹತ್ತಿರ ಚರ್ಮ ಕೆಂಪಾಗಿತ್ತು, ಎಣ್ಣೆ ಹಚ್ಚುತ್ತಿದ್ದರು. ಕನ್ನಡಿಯಲ್ಲಿ ಏನು ಕಾಣುತ್ತದೆ ಎಂದು ಕೇಳಿದೆ. ಪೊಟ್ಟನಿಗೆ ಮುಖವಾಡ ಇರುತ್ತದೆ, ಆದರೆ ಬೇರೆ ಕಾವುಗಳಲ್ಲಿ ಅವರು ವಿಷ್ಣುಮೂರ್ತಿಯನ್ನೂ ಕಟ್ಟುತ್ತಾರೆ. ಅವರು ಯೋಚನೆ ಮಾಡಿ ಹೇಳಿದರು. "ಮೊದಲು ಕಣ್ಣಿನ ಕಪ್ಪು ಹರಡಿದೆಯಾ ಅಂತ ನೋಡುತ್ತೇನೆ. ಆಮೇಲಿನದು ನನ್ನನ್ನು ಕೇಳಬೇಡಿ, ನೋಡಿದವರನ್ನು ಕೇಳಿ."

ನಾನು ಪೈಪರ್ ಕಥೆ ಹೇಳಿದೆ. ಗೆಳತಿಯ ತಮ್ಮ ಅದನ್ನು ಮಲಯಾಳಕ್ಕೆ ತಿರುಗಿಸಿದ. ಉಪವಾಸ ಎಂದಾಗ ತಲೆಯಾಡಿಸಿದರು. ಅವರೂ ಕಟ್ಟುವ ಮೊದಲು ವ್ರತದಲ್ಲಿರುತ್ತಾರೆ. ಕನ್ನಡಿ ಎಂದಾಗ ಎಣ್ಣೆ ಹಚ್ಚುವುದನ್ನು ನಿಲ್ಲಿಸಿದರು. ಕಥೆ ಮುಗಿದ ಮೇಲೆ ಕೇಳಿದ್ದು ಒಂದೇ.

"ಅವರ ಕೈ ಹಿಡಿದುಕೊಳ್ಳಲು ಯಾರಿದ್ದರು?"

ಯಾರೂ ಇರಲಿಲ್ಲ ಅಂದೆ.

"ಅದು ಬಹಳ ಕಷ್ಟ," ಅಂದರು. "ನನಗೆ ಇಬ್ಬರಿದ್ದಾರೆ. ಒಬ್ಬ ನನ್ನ ಅಣ್ಣನ ಮಗ. ಎಬ್ಬಿಸುತ್ತಾರೆ ಅಂತ ಗೊತ್ತಿದ್ದರೆ ಮಾತ್ರ ಮಲಗಲು ಆಗುತ್ತದೆ."

ಎರಡು ವರ್ಷದಿಂದ ಆ 14 ಫೋಟೊ ನೋಡುತ್ತಿದ್ದೇನೆ. ಈ ಪ್ರಶ್ನೆ ನನಗೆ ಒಮ್ಮೆಯೂ ಹೊಳೆದಿರಲಿಲ್ಲ. ಪೈಪರ್‌ಗೆ ಮುಳುಗಿಸಿದ್ದೂ ಆ ಪುಸ್ತಕ, ಹಿಡಿದೆತ್ತಲು ಇದ್ದದ್ದೂ ಅದೇ ಪುಸ್ತಕದ ಸಾಲು, ಕನ್ನಡಿ, ಒಂದು ಚಿಕ್ಕ ಕ್ಯಾಮೆರಾ. ಇಲ್ಲಿ ಒಂದು ಊರು ಇಡೀ ರಾತ್ರಿ ಎಚ್ಚರ ಕೂತಿತ್ತು. ತೆಯ್ಯವನ್ನು ಪರ್ಫಾರ್ಮೆನ್ಸ್ ಎಂದು ಬರೆಯುವವರನ್ನು ಬಹಳ ಓದಿದ್ದೇನೆ, ನಾನೂ ಹಾಗೇ ಬರೆಯಬೇಕೆಂದು ಬಂದಿದ್ದೆ. ಈಗ ಆ ಮಾತು ಬಳಸಲು ಮನಸ್ಸಿಲ್ಲ. ಇಲ್ಲಿನವರಿಗೆ ಅದು ದೈವ. ಆ ನಂಬಿಕೆಯನ್ನು ಬದಿಗಿಟ್ಟರೆ ಆ ಇಬ್ಬರ ಕೈ ಲೆಕ್ಕಕ್ಕೆ ಬರುವುದೇ ಇಲ್ಲ.

ಅವರು ಫೋಟೊ ನೋಡಬೇಕು ಅಂದರು. ಫೋನು ಆನ್ ಮಾಡಿದರೆ ಬ್ಯಾಟರಿ ಸತ್ತಿತ್ತು. ಪ್ರಿಂಟ್ ಹಾಕಿಸಿ ಕಳಿಸುತ್ತೇನೆ ಎಂದು ಮಾತು ಕೊಟ್ಟೆ.

ಹೊರಗೆ ಬಂದರೆ ನನ್ನ ಚಪ್ಪಲಿ ಇಲ್ಲ. ನೂರಾರು ಜೋಡಿಗಳ ನಡುವೆ ಯಾರೋ ಗೊತ್ತಿಲ್ಲದೆ ಮೆಟ್ಟಿಕೊಂಡು ಹೋಗಿದ್ದರು. ಕಾವಿಗೆ ಹೋಗುವವರು ಚಪ್ಪಲಿಯನ್ನು ಗಾಡಿಯಲ್ಲೇ ಬಿಟ್ಟು ಹೋಗಿ. ಹತ್ತು ಗಂಟೆಯ ಬಿಸಿಲಿಗೆ ಮುರಕಲ್ಲಿನ ದಾರಿ ಕಾದಿತ್ತು. ಬೈಕ್ ತನಕ ಅರ್ಧ ಫರ್ಲಾಂಗ್ ಬರುವಷ್ಟರಲ್ಲಿ ಅಂಗಾಲು ಉರಿಯಿತು. ನೆರಳಿಂದ ನೆರಳಿಗೆ ಓಡಿದೆ. ರಾತ್ರಿ ಚಾಯ ಕೊಟ್ಟ ಹೆಂಗಸು ಅದನ್ನು ನೋಡಿ ತಮ್ಮ ಮನೆಗೆ ಓಡಿಹೋಗಿ ಒಂದು ಜೊತೆ ರಬ್ಬರ್ ಚಪ್ಪಲಿ ತಂದುಕೊಟ್ಟರು. ದುಡ್ಡು ಕೊಡಲು ಹೋದೆ, ಕೈ ಹಿಂದಕ್ಕೆ ಎಳೆದುಕೊಂಡರು. ನೀಲಿ ಪಟ್ಟಿಯದು. ಒಂದು ಅಳತೆ ದೊಡ್ಡದು. ಅದರಲ್ಲೇ ಕಾಞಂಗಾಡ್ ಸ್ಟೇಷನ್ನಿಗೆ ಬಂದೆ, ಅದರಲ್ಲೇ ಮಂಗಳೂರು, ಅದರಲ್ಲೇ ಸಾಗರ.

ಊರಿಗೆ ಬಂದ ಮೇಲೆ

14ರಲ್ಲಿ ಕೆಲವು ಫೋಟೊಗಳಲ್ಲಿ ಪೈಪರ್ ಮೈಮೇಲೆ ಬಟ್ಟೆಯಿಲ್ಲ. ಮೂರನ್ನು ಆರಿಸಿದೆ. ಒಂದರಲ್ಲಿ ಮುಖ ಸ್ಪಷ್ಟ, ಒಂದರಲ್ಲಿ ಮಸುಕು, ಮೂರನೆಯದು ಹೆಚ್ಚುಕಡಿಮೆ ಪೂರಾ ಕತ್ತಲು. ಸಾಗರದಲ್ಲಿ ಪ್ರಿಂಟ್ ಹಾಕಿಸಿ ಬದಿಯಡ್ಕಕ್ಕೆ ಅಂಚೆಯಲ್ಲಿ ಕಳಿಸಿದೆ. ಗೆಳತಿಯ ತಮ್ಮ ಮುಂದಿನ ಸಲ ಅಡಿಕೆ ವ್ಯಾಪಾರಕ್ಕೆ ಆ ಕಡೆ ಹೋದಾಗ ಅವರ ಕೈಗೆ ಕೊಟ್ಟ.

ಅವತ್ತು ರಾತ್ರಿ ಫೋನ್ ಮಾಡಿದ. ಮೊದಲ ಎರಡನ್ನು ಬೇಗ ನೋಡಿ ಕೆಳಗಿಟ್ಟರಂತೆ. ಕತ್ತಲಿನದನ್ನು ಬಾಗಿಲ ಹತ್ತಿರ ಬೆಳಕಿಗೆ ಹಿಡಿದು ತುಂಬ ಹೊತ್ತು ನೋಡಿದರಂತೆ.

"ಅಕ್ಕ, ಅವರು ಒಂದು ಕೇಳಿದ್ದಾರೆ. ನಿಮ್ಮ ಹತ್ರ ಕೇಳಿ ಹೇಳಬೇಕಂತೆ."

"ಏನು?"

"ಇದಾದ ಮೇಲೆ ಅವರಿಗೆ ಯಾರಾದರೂ ಊಟ ಹಾಕಿದರಾ ಅಂತ."